ಉತ್ತರಕ್ಕೆ ಅಮ್ಮನ ಕಲ್ಲು

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎನ್ನುತ್ತಾರೆ. ರೇವಣಸಿದ್ದಯ್ಯನ ಮಾವ ಶಿವರಾಮಯ್ಯ ಈ ಗಾದೆಯನ್ನು ಅಕ್ಷರಶಃ ಪಾಲಿಸಿದ್ದರು. ನಿಟ್ಟೂರಿನ ರಸ್ತೆ ಬದಿಯ ಮೂವತ್ತು ಗುಂಟೆಗಾಗಿ ಕಲ್ಲಮ್ಮ ಎಂಬಾಕೆಯ ಗಂಡನ ಮೇಲೆ ಹನ್ನೊಂದು ವರ್ಷ ದಾವೆ ನಡೆಸಿ, 2006ರಲ್ಲಿ ಸೋತು, ಮುಂದಿನ ಯುಗಾದಿ ಕಾಣಲಿಲ್ಲ. ಎರಡು ವರ್ಷದ ಮೇಲೆ ಕುಣಿಗಲ್‌ನಿಂದ ಬಂದು ಅವರ ಮಗಳು ಗಂಗಾಂಬಿಕೆಯನ್ನು ಕಟ್ಟಿಕೊಂಡ ರೇವಣಸಿದ್ದಯ್ಯನಿಗೆ ಮಾವನ ಮನೆಯಿಂದ ಸಿಕ್ಕಿದ್ದು ಆ ಸೋತ ತೀರ್ಪಿನ ನಕಲು ಮಾತ್ರ.

ಅವನು ಗುಬ್ಬಿ ಕೋರ್ಟಿನ ಎದುರು ಜಮೀನಿನ ಪತ್ರ ಬರೆಯುವವನು. ಬಿದರೆಹಳ್ಳಿ ಕಾವಲ್‌ಗೆ ಹೆಲಿಕಾಪ್ಟರ್ ಫ್ಯಾಕ್ಟರಿ ಬಂದ ಮೇಲೆ ಸುತ್ತಲಿನ ಜಮೀನಿಗೂ ರೆಕ್ಕೆ ಬಂದಿತ್ತು. ಸ್ಕೂಟರಿನಲ್ಲಿ ಆ ಹೊಲ ದಾಟುವಾಗಲೆಲ್ಲ ಅವನ ಹೊಟ್ಟೆ ಉರಿಯುತ್ತಿತ್ತು. ಗಂಡ ಸತ್ತ ಒಂಟಿ ಮುದುಕಿ ಕಲ್ಲಮ್ಮ ಅಲ್ಲಿ ರಾಗಿ ಬೆಳೆಯುತ್ತಿದ್ದಳು.

ತೀರ್ಪಾದ ವ್ಯಾಜ್ಯವನ್ನು ಅದೇ ಕಕ್ಷಿಗಾರರಾಗಲಿ, ಅವರ ವಾರಸುದಾರರಾಗಲಿ ಮತ್ತೆ ಎತ್ತುವಂತಿಲ್ಲ. ಇದು ಅವನಿಗೆ ಬಾಯಿಪಾಠ. ಹೆಂಡತಿಯ ಕಡೆಯ ಬಾಗಿಲು ಮುಚ್ಚಿತ್ತು. ಆದರೆ ತೀರ್ಪು ಕಟ್ಟಿಹಾಕುವುದು ಆ ಕೇಸಿನಲ್ಲಿ ನಿಂತವರನ್ನು, ಹೊರಗಿನವರನ್ನಲ್ಲ. ಕುಣಿಗಲ್‌ನಲ್ಲಿ ರಾಗಿ ವ್ಯಾಪಾರ ಮಾಡಿಕೊಂಡಿದ್ದು ಸತ್ತ ತನ್ನ ಅಪ್ಪ ಆ ಕೇಸಿನ ಹತ್ತಿರವೂ ಸುಳಿದವನಲ್ಲ. ಅಪ್ಪ ನಿಟ್ಟೂರಿಗೆ ರಾಗಿ ಕೊಳ್ಳಲು ಬಂದಾಗ, ಕಲ್ಲಮ್ಮನ ಮಾವನಿಂದ ಈ ಹೊಲವನ್ನೇ ಕೊಳ್ಳುವ ಕರಾರು ಮಾಡಿಕೊಂಡು ಸ್ವಾಧೀನ ಪಡೆದಿದ್ದನೆಂದರೆ? ಕಾನೂನು ಚಾಪೆ ಕೆಳಗೆ ತೂರಿದರೆ ತಾನು ರಂಗೋಲಿ ಕೆಳಗೆ ತೂರಬಲ್ಲೆ ಎಂದುಕೊಂಡ.

ಕೆಲಸ ಕಲಿಸಿದ ಗುರುವಿನ ಟ್ರಂಕಿನಲ್ಲಿ 1989ರ ಖಾಲಿ ಛಾಪಾಕಾಗದ ಒಂದು ಉಳಿದಿತ್ತು. ವರ್ಷವೂ ಹೇಳಿ ಮಾಡಿಸಿದಂತಿತ್ತು. 2001ರ ಈಚಿನ ಕರಾರಾದರೆ ನೋಂದಣಿ ಎಲ್ಲಿ ಎನ್ನುತ್ತಾರೆ, ಹಿಂದಿನದಕ್ಕೆ ಆ ಕಾಟವಿಲ್ಲ. ಗುರುವಿನ ಓರೆ ಅಕ್ಷರದಲ್ಲೇ ಬರೆದ. ಸಾಕ್ಷಿಗಳಾಗಿ ಸತ್ತವರಿಬ್ಬರನ್ನು ಹಾಕಿದ. ಸತ್ತವರಷ್ಟು ನಂಬಿಕಸ್ಥ ಸಾಕ್ಷಿಗಳು ಬೇರಿಲ್ಲ.

ಉಳಿದದ್ದು ಚೆಕ್ಕುಬಂದಿ, ಅಂದರೆ ನಾಲ್ಕು ದಿಕ್ಕಿನ ಎಲ್ಲೆ. ಖೋಟಾ ಪತ್ರ ಬರೆಯುವವರು ಮುಗ್ಗರಿಸುವುದು ಇಲ್ಲೇ. ಪೂರ್ವಕ್ಕೆ ಈಗ ಅಜ್ಮತುಲ್ಲಾನ ತೆಂಗಿನ ತೋಟ, ಅವನು ಕೊಂಡದ್ದು ಮೊನ್ನೆ ಮೊನ್ನೆ. ಅವನ ಹೆಸರು ಬರೆಯುವಷ್ಟು ದಡ್ಡನೇ ರೇವಣಸಿದ್ದಯ್ಯ? ಹಳೆಯ ಪಹಣಿ ತೆಗೆಸಿ, 1989ರ ಮಾಲೀಕನನ್ನು ಹುಡುಕಿ ಬರೆದ. ಪಶ್ಚಿಮಕ್ಕೆ, ದಕ್ಷಿಣಕ್ಕೆ ಹಾಗೆಯೇ. ಉತ್ತರಕ್ಕೆ ಮಾತ್ರ ಹುಡುಕುವ ಕಷ್ಟವಿರಲಿಲ್ಲ. ಮಾವನ ತೀರ್ಪಿನಲ್ಲಿ ‘ಉತ್ತರಕ್ಕೆ ಗಡಿಕಲ್ಲು’ ಎಂದೇ ಇತ್ತು. ಅರಿಶಿನ ಕುಂಕುಮ ಮೆತ್ತಿ, ಬೆಳ್ಳಿ ಕಣ್ಣು ಅಂಟಿಸಿಕೊಂಡು, ಬೇವಿನ ಮರದ ಬುಡದಲ್ಲಿ ಕೂತಿದ್ದ ಆ ಕಲ್ಲಿಗೆ ಅವನೂ ಸ್ಕೂಟರಿನಿಂದಲೇ ಕೈ ಮುಗಿಯುತ್ತಿದ್ದ. ಮಾಲೀಕರು ಬದಲಾಗುತ್ತಾರೆ, ದೇವರು ಬದಲಾಗುತ್ತದೆಯೇ? ‘ಉತ್ತರಕ್ಕೆ ಅಮ್ಮನ ಕಲ್ಲು’ ಎಂದು ಬರೆದು ಮುಗಿಸಿದ.

ಗಂಗಾಂಬಿಕೆ ಕಾಫಿ ತಂದಿಟ್ಟು, ಕಾಗದದ ಕಡೆ ಒಮ್ಮೆ ನೋಡಿದಳು.

“ಆ ಕಲ್ಲಿನ ಸವಾಸ ಬ್ಯಾಡ ಕಣ್ರೀ. ನಮ್ಮಪ್ಪ ಕೆಟ್ಟಿದ್ದೇ ಅದರಿಂದ.”

“ನಿಂಗೆ ಕೋರ್ಟಿನ ವಿಚಾರ ಏನ್ ಗೊತ್ತು, ಬುಡು.”

ದೇವರ ಶಾಪಕ್ಕೆ ಹೆದರುವ ಹೆಂಗಸು ಎಂದುಕೊಂಡ. ಅವಳು ಒಳಗೆ ಹೋದಳು.

ಕಲ್ಲಮ್ಮ ಬಾಣಂತಿ ಮಗಳು ಮಧುಶ್ರೀಯನ್ನು ನೋಡಿಕೊಳ್ಳಲು ಹೆಬ್ಬೂರಿಗೆ ಹೋದ ತಿಂಗಳು, ಅವನು ಹೊಲ ಉಳುಮೆ ಮಾಡಿಸಿ ಹುರುಳಿ ಚೆಲ್ಲಿಸಿದ. ಸ್ವಾಧೀನ ತನ್ನದು, ಕಲ್ಲಮ್ಮ ಅಡ್ಡ ಬರಬಾರದು ಎಂದು ದಾವೆಯನ್ನೂ ಹೂಡಿದ. ಮೊದಲ ದಿನ ಮುದುಕಿ ಹಳೆಯ ತೀರ್ಪನ್ನು ಪ್ಲಾಸ್ಟಿಕ್ ಕವರಿನಲ್ಲಿಟ್ಟುಕೊಂಡು ಬಂದಿದ್ದಳು.

“ನಮ್ಮೆಜಮಾನ್ರು ಗೆದ್ದಿದ್ರಲ್ಲಾ ಸ್ವಾಮಿ. ಗೆದ್ದೋರೂ ಮತ್ತೆ ಬರ್ಬೇಕಾ?”

“ಅದು ನಿಮ್ದೂ ನಮ್ಮಾವಂದೂ ಕೇಸು ಕಣಮ್ಮ. ಇದೇ ಬ್ಯಾರೆ.”

ಗೆಲ್ಲುವುದು ಕೂಡ ಅವನಿಗೆ ಮುಖ್ಯವಾಗಿರಲಿಲ್ಲ. ಅವಳಿಗೆ ಎಪ್ಪತ್ತೆರಡು, ಕೋರ್ಟಿಗೆ ಅವಸರವಿಲ್ಲ. ಲೆಕ್ಕ ತಪ್ಪಲಿಲ್ಲ. ಮೂರು ವರ್ಷ ಪ್ರತಿ ವಾಯಿದೆಗೂ ಬಸ್ಸು ಹತ್ತಿ ಬಂದು, ಮೆಟ್ಟಿಲ ಮೇಲೆ ಕೂತೆದ್ದು ಹೋಗುತ್ತಿದ್ದ ಕಲ್ಲಮ್ಮ ಕಳೆದ ಕಾರ್ತಿಕದಲ್ಲಿ ತೀರಿಕೊಂಡಳು. ತನ್ನ ಹೊಲದ ರಾಗಿಯನ್ನು ಆ ಮೂರು ವರ್ಷದಲ್ಲಿ ಅವಳು ಒಂದು ಸಲವೂ ಉಣ್ಣಲಿಲ್ಲ. ಅವಳ ಜಾಗಕ್ಕೆ ಮಗಳು ಮಧುಶ್ರೀ ಬಂದಳು, ಕಂಕುಳಲ್ಲಿ ಮಗು, ಕೈಯಲ್ಲಿ ಅದೇ ಪ್ಲಾಸ್ಟಿಕ್ ಕವರು. ಇವಳು ರಾಜಿಗೆ ಬರುತ್ತಾಳೆ ಎಂದು ಅವನಿಗೆ ಅನ್ನಿಸಿತು.

ಪಾಟಿ ಸವಾಲಿನ ದಿನ ಮಧುಶ್ರೀಯ ವಕೀಲೆ ಉಮಾಮಹೇಶ್ವರಿ ಛಾಪಾಕಾಗದದ ತಂಟೆಗೂ ಹೋಗಲಿಲ್ಲ, ಸಹಿಗಳ ತಂಟೆಗೂ ಹೋಗಲಿಲ್ಲ. ಕಟಕಟೆಯಲ್ಲಿ ನಿಂತಿದ್ದ ಅವನಿಗೆ ನಗು ಬರುವುದರಲ್ಲಿತ್ತು.

“89ರಲ್ಲಿ ಈ ಪತ್ರ ಬರ್ಸುವಾಗ ನಿಮ್ಮ ತಂದೆ ಉತ್ತರದ ಕಲ್ಲು ನೋಡಿದ್ರಾ?”

“ನೋಡೇ ಬರ್ಸಿದ್ದು ಮೇಡಂ. ಅದು ಅನಾದಿ ಕಾಲದ್ದು.”

ಬೆರಳಚ್ಚುಗಾರ್ತಿ ಅಷ್ಟನ್ನೂ ಹಾಗೇ ಕುಟ್ಟಿದಳು.

ಉಮಾಮಹೇಶ್ವರಿ ಒಂದು ಹಾಳೆ ಮುಂದಿಟ್ಟಳು. ಮಾವನ ಕೇಸಿನಲ್ಲಿ ಹೊಲ ಅಳೆಯಲು ಕೋರ್ಟು ನೇಮಿಸಿದ್ದ ಕಮಿಷನರ ವರದಿ. ಸೋತವರ ಮನೆಯಲ್ಲಿ ತೀರ್ಪಿತ್ತು, ವರದಿ ಇರಲಿಲ್ಲ. ಅವನೂ ಕೇಳಿ ತೆಗೆಸಿರಲಿಲ್ಲ. ‘ದಿನಾಂಕ 12-2-2004ರಂದು ಉಭಯ ಕಕ್ಷಿಗಾರರ ಸಮಕ್ಷಮ ಅಳತೆ ಮಾಡಿ, ಉತ್ತರದ ಎಲ್ಲೆಯಲ್ಲಿ ಯಾವುದೇ ಗುರುತು ಇಲ್ಲದ ಕಾರಣ ಹೊಸ ಕಲ್ಲು ನೆಡಿಸಲಾಯಿತು’ ಎಂದು ಅವಳು ನಿಧಾನವಾಗಿ ಓದಿದಳು. ಹೊಲ ಉಳಿಸಿಕೊಟ್ಟ ಕಲ್ಲೆಂದು ಅಮ್ಮ ಆವತ್ತಿನಿಂದಲೇ ಅದಕ್ಕೆ ಅರಿಶಿನ ಹಚ್ಚುತ್ತಿದ್ದಳು ಎಂದು ಹಿಂದಿನಿಂದ ಮಧುಶ್ರೀ ಹೇಳಿದ್ದು ಅವನಿಗೆ ಸರಿಯಾಗಿ ಕೇಳಿಸಲಿಲ್ಲ. ಹಾಳೆಯ ಕೆಳಗೆ ಮಾವನ ಹೆಬ್ಬೆಟ್ಟಿತ್ತು. ಅದರ ಪಕ್ಕ, ಮನೆಯ ಸಾಮಾನಿನ ಚೀಟಿಯಲ್ಲಿ ಅವನು ದಿನವೂ ನೋಡುವ ಗುಂಡನೆಯ ಅಕ್ಷರದಲ್ಲಿ, ‘ಹೆಬ್ಬೆಟ್ಟಿನ ಗುರುತು ಬಲ್ಲವಳು, ಮಗಳು ಗಂಗಾಂಬಿಕೆ’ ಎಂದಿತ್ತು.