ವಾಷರ್‌ನ ಕೈವಾಡ

"ಅಂಕಲ್, ವಾಷರ್‌ನ ಕಟ್ಬೇಡಿ! ಪ್ಲೀಸ್!"

ಸುಮೈರಾ ಮೆಟ್ಟಿಲಿಳಿದು ಓಡಿ ಬರುವಷ್ಟರಲ್ಲಿ ನಾಗಭೂಷಣ ಅಂಕಲ್ ತಮ್ಮ ನಾಯಿಯನ್ನು ಗೇಟಿಗೆ ಕಟ್ಟಿಯೇ ಬಿಟ್ಟಿದ್ದರು.

"ಓನರಮ್ಮ ಹೇಳಿದ್ದಾರೆ ಕಣಮ್ಮ. ಡೆಮೋ ಟೈಮಲ್ಲಿ ಕಾಲಿಗೆ ಅಡ್ಡ ಬರ್ತಾನಂತೆ."

ಕಣ್ಣಿನ ಸುತ್ತ ನಟ್ಟು-ಬೋಲ್ಟಿನ ವಾಷರಿನಂಥದೇ ಕಪ್ಪು ರಿಂಗ್ ಇದ್ದ ವಾಷರ್ ಕುಂಯ್ ಎಂದ.

ಹೆಬ್ಬಾಳದ ಹತ್ತಿರದ ಸಿಂಗಾಪುರ ಬಡಾವಣೆಯ ಆ ಬಿಲ್ಡಿಂಗಿನ ಟೆರೇಸ್ ಶೆಡ್ಡಿನಲ್ಲಿ ಅಂಕಲ್ ಮಾಡದ ಮೆಷಿನ್ನೇ ಇಲ್ಲ. ಸೈಕಲ್ ಚೈನಿನಿಂದ ತೆಂಗಿನಕಾಯಿ ತುರಿಯುವ ಯಂತ್ರ ಮಾಡಿದವರು ಇನ್ಯಾರಿದ್ದಾರೆ ಹೇಳಿ! ಸುಮೈರಾಗೆ ಅವರೆಂದರೆ ಬಲು ಅಭಿಮಾನ. ಈಗಿನ ಮೆಷಿನ್ ಅಂತೂ ಭಾರೀ ಜೋರು. ಟೆರೇಸಿನ ನೀರಿನ ಟ್ಯಾಂಕ್ ತುಂಬಿದರೆ ಒಳಗಿನ ಡಬ್ಬ ತೇಲುತ್ತದೆ. ಡಬ್ಬಕ್ಕೆ ಕಟ್ಟಿದ ಹಗ್ಗ ಕೆಳಗೆ ಜಾರಿ, ಮೆಟ್ಟಿಲ ಕೆಳಗಿರುವ ಮೋಟರ್ ಸ್ವಿಚ್ಚನ್ನು ಆಫ್ ಮಾಡುತ್ತದೆ.

ದಿನಾ ಸೂಪರಾಗಿ ನಡೆಯುತ್ತಿತ್ತು. ಮೊನ್ನೆ ಸೋಮವಾರ ಮಾತ್ರ ಟ್ಯಾಂಕ್ ಉಕ್ಕಿ ಬೀದಿಯೆಲ್ಲ ನೀರು.

"ಇನ್ನೊಂದ್ಸಲ ನೀರು ಚೆಲ್ಲಿದ್ರೆ ಶೆಡ್ ಖಾಲಿ ಮಾಡ್ಬಿಡಿ," ಎಂದು ಓನರ್ ಗಂಗರತ್ನಮ್ಮ ಖಡಾಖಂಡಿತವಾಗಿ ಹೇಳಿದ್ದರು. ಅದಕ್ಕೇ ಇವತ್ತು ಎಲ್ಲರ ಮುಂದೆ ಮೆಷಿನ್ನಿನ ಡೆಮೋ.

ಸೋಮವಾರ ಮಾತ್ರ ಯಾಕೆ ಕೆಟ್ಟಿತು? ಸುಮೈರಾ ಪತ್ತೇದಾರಿಕೆ ಶುರು ಮಾಡಿದಳು. ಅವತ್ತು ಅಂಕಲ್ ವಾಷರ್‌ಗೆ ಇಂಜೆಕ್ಷನ್ ಹಾಕಿಸಲು ಹೆಬ್ಬಾಳಕ್ಕೆ ಹೋಗಿದ್ದರು. ಹಗ್ಗದ ತುದಿಯಲ್ಲಿ ಹಲ್ಲಿನ ಗುರುತು ಬೇರೆ!

ನಿನ್ನೆ ಸ್ಕೂಟರ್ ಹಿಂದೆ ಅವಿತು ನೋಡಿದಳು. ಟ್ಯಾಂಕ್ ತುಂಬಿ, ಹೆಚ್ಚಾದ ನೀರು ಹೋಗುವ ಪೈಪಿನಿಂದ ಒಂದು ಹನಿ ಮೆಟ್ಟಿಲ ಕೆಳಗೆ ಮಲಗಿದ್ದ ವಾಷರ್‌ನ ಮೂಗಿನ ಮೇಲೆ ಟಪ್ ಎಂದು ಬಿತ್ತು. ನೀರೆಂದರೆ ವಾಷರ್‌ಗೆ ಆಗದು. ಎದ್ದ, ಹಗ್ಗ ಕಚ್ಚಿ ಎಳೆದ, ಮೋಟರ್ ಆಫ್! ಮತ್ತೆ ಹೋಗಿ ಗೋಣಿಚೀಲದ ಮೇಲೆ ಮಲಗಿದ.

ಹೇಳಿದರೆ ಅಂಕಲ್‌ಗೆ ಬೇಜಾರಾಗುತ್ತದೆ. ಹೇಗೂ ವಾಷರ್ ಇದ್ದಾನಲ್ಲ ಎಂದು ಸುಮ್ಮನಿದ್ದಳು. ಈಗ ನೋಡಿದರೆ ವಾಷರ್ ಗೇಟಿನಲ್ಲಿ!

ಬಾಡಿಗೆಯವರೆಲ್ಲ ಬಂದು ಸೇರಿದರು. ಅಂಕಲ್ ಇಸ್ತ್ರಿ ಶರ್ಟ್ ಹಾಕಿಕೊಂಡು ನಿಂತಿದ್ದರು. ಪೈಪಿನಿಂದ ಹನಿ ಬಿತ್ತು. ಹಗ್ಗ ಅಲುಗಲಿಲ್ಲ. ಹನಿ ಹೋಗಿ ಧಾರೆಯಾಯಿತು.

"ನೋಡಿದ್ರಾ? ಮತ್ತೆ ಅದೇ ಕತೆ!" ಎಂದರು ಗಂಗರತ್ನಮ್ಮ.

ಸುಮೈರಾ ಓಡಿಹೋಗಿ ಚೈನ್ ಬಿಚ್ಚಿದಳು. ತನ್ನ ಗೋಣಿಚೀಲ ನೆನೆಯುವುದನ್ನು ಕಂಡ ವಾಷರ್ ಒಂದೇ ನೆಗೆತಕ್ಕೆ ಹೋಗಿ ಹಗ್ಗ ಎಳೆದ. ಮೋಟರ್ ನಿಂತಿತು. ಆಮೇಲೆ ಚೆನ್ನಾಗಿ ಮೈ ಕೊಡವಿದ. ಗಂಗರತ್ನಮ್ಮನ ಸೀರೆಯೆಲ್ಲ ಒದ್ದೆ!

ಎಲ್ಲರೂ ಗೊಳ್ಳೆಂದು ನಕ್ಕರು. ಅಂಕಲ್ ನಗಲಿಲ್ಲ. ಅಯ್ಯೋ, ಎಲ್ಲರ ಮುಂದೆ ಇವರ ಮರ್ಯಾದೆ ಕಳೆದೆನಲ್ಲ ಎಂದು ಸುಮೈರಾಗೆ ಅಳುವೇ ಬಂತು.

"ಸಾರಿ ಅಂಕಲ್. ದಿನಾ ಇವನೇ ಆಫ್ ಮಾಡ್ತಿದ್ದ."

"ದಿನಾನಾ? ಯಾರು ಹೇಳ್ಕೊಟ್ರು?"

"ಯಾರೂ ಇಲ್ಲ."

ಅಂಕಲ್ ಒದ್ದೆ ನೆಲದಲ್ಲೇ ಕೂತು ವಾಷರ್‌ನ ಕಿವಿ ಹಿಡಿದರು. "ಏಯ್ ಕಳ್ಳ! ನಾನು ಅಷ್ಟು ಒದ್ದಾಡಿದ್ದನ್ನ ನೀನು ಮಲ್ಕೊಂಡೇ ಕಂಡುಹಿಡಿದ್ಬಿಟ್ಯೇನೋ!" ಅವರ ಮುಖವೆಲ್ಲ ನಗು.

"ಶೆಡ್ ಇರ್ಲಿ ಬಿಡಿ," ಎಂದರು ಗಂಗರತ್ನಮ್ಮ ಸೆರಗು ಹಿಂಡುತ್ತ. "ಆದ್ರೆ ಇವನನ್ನ ಮಾತ್ರ ಕಟ್ಟಾಕ್ಬೇಡಿ."

ಅಂಕಲ್ ಆಗಲೇ ಮೆಟ್ಟಿಲು ಹತ್ತುತ್ತಿದ್ದರು. "ಬಾರಮ್ಮ, ಹಗ್ಗ ಎಲ್ಲಿ ಸಿಕ್ಕಾಕೊಳ್ತಿದೆ ನೋಡೋಣ. ಸರಿಯಾಗಿದೆ ಅಂದ್ಕೊಂಡು ಇಷ್ಟು ದಿನ ನೋಡೇ ಇರ್ಲಿಲ್ಲ!"

ಮೆಷಿನ್ ಸರಿಯಾಗಿ ನಡೆದ ದಿನಗಳಲ್ಲೂ ಅಂಕಲ್ ಇಷ್ಟು ಖುಷಿಯಾಗಿದ್ದನ್ನು ಸುಮೈರಾ ನೋಡಿರಲಿಲ್ಲ. ಕಣ್ಣೊರೆಸಿಕೊಂಡು, ಸ್ಪ್ಯಾನರ್ ಹಿಡಿದು ಅವರ ಹಿಂದೆಯೇ ಹತ್ತಿದಳು.