ಗಂಟೆ ತಾತನ ಎತ್ತಿದ ಕೈ

"ಚಿಕ್ಕಮ್ಮಾ, ಇದ್ಯಾಕೋ ಚೆನ್ನಾಗೇ ಆಗ್ತಿಲ್ಲ!"

ಚೂಟಿಗೆ ಅಳುವೇ ಬಂದಿತ್ತು. ನಾಳೆ ಶಾಲೆಯಲ್ಲಿ ಗಂಟೆ ತಾತನಿಗೆ ಬೀಳ್ಕೊಡುಗೆ. ಮೂವತ್ತು ವರ್ಷ ಗಂಟೆ ಹೊಡೆದ ತಾತನನ್ನು ಟೀಚರ್ ಫೋನಿನಲ್ಲಿ ಹಿಡಿದಿದ್ದ ಚಿತ್ರಗಳನ್ನು ಜೋಡಿಸಿ ವಿಡಿಯೋ ಮಾಡುವ ಕೆಲಸವನ್ನು ಅವಳೇ ಮೇಲೆ ಬಿದ್ದು ಒಪ್ಪಿಕೊಂಡಿದ್ದಳು. "ನಮ್ಮ ಚಿಕ್ಕಮ್ಮ ಸಿನಿಮಾ ಎಡಿಟರ್, ಗೊತ್ತಾ?" ಎಂದು ಕ್ಲಾಸಿನಲ್ಲೆಲ್ಲ ಜಂಬ ಬೇರೆ ಕೊಚ್ಚಿಕೊಂಡಿದ್ದಳು.

ಚಿಕ್ಕಮ್ಮ ಒದ್ದೆ ಕೈ ಒರೆಸಿಕೊಳ್ಳುತ್ತಾ ಬಂದು ಲ್ಯಾಪ್‌ಟಾಪ್ ನೋಡಿದಳು. ಡೋಲಿನ ಪೆಟ್ಟು ಬಿದ್ದಾಗಲೆಲ್ಲ ಚಿತ್ರ ಬದಲಾಗುತ್ತಿತ್ತು. ತಾತ, ಗೇಟು, ಗಂಟೆ, ತಾತ, ಗೇಟು.

"ಅಯ್ಯೋ, ನೋಡೋ ಕಣ್ಣಿಗೆ ಬಿಕ್ಕಳಿಕೆ ಬರುತ್ತಲ್ಲೇ!"

"ಮ್ಯೂಸಿಕ್‌ಗೆ ಸರಿಯಾಗೇ ಮಾಡಿದ್ದೀನಿ. ಒಂದು ಪೆಟ್ಟಿಗೆ ಒಂದು ಕಟ್."

"ಪ್ರತಿ ಪೆಟ್ಟಿಗೂ ಕತ್ತರಿ ಹಾಕ್ಬೇಕು ಅಂತ ಯಾರು ಹೇಳಿದ್ರು? ಚಿತ್ರದ ಒಳಗೇ ಏನಾದ್ರೂ ಪೆಟ್ಟು ಬೀಳುತ್ತಾ ನೋಡು. ಅದನ್ನ ತಾಳಕ್ಕೆ ಕೂರಿಸು."

"ತಾತ ಗಂಟೆ ಹೊಡೀತಾರಲ್ಲ! ಆದ್ರೆ ಅವ್ರು ತುಂಬಾ ಸ್ಲೋ. ಕೈ ಎತ್ಕೊಂಡು ಸುಮ್ನೆ ನಿಂತ್ಬಿಡ್ತಾರೆ. ಬೋರ್ ಅಂತ ಅದನ್ನ ತೆಗೆದುಬಿಟ್ಟೆ."

"ವಾಪಸ್ ಹಾಕು. ಗಂಟೆ ಪೆಟ್ಟು ದೊಡ್ಡ ಡೋಲಿನ ಪೆಟ್ಟಿಗೆ ಸರಿಯಾಗಿ ಬೀಳ್ಲಿ."

ಚಿತ್ರ ಓಡತೊಡಗಿತು. ಚಿಕ್ಕಮ್ಮ ಮೇಜು ತಟ್ಟಿ ಎಣಿಸಿದಳು.

ಒಂದು, ಎರಡು. ತಾತ ಸುತ್ತಿಗೆ ಎತ್ತಿದರು. ಮೂರು, ನಾಲ್ಕು. ಕೈ ಮೇಲೆಯೇ ನಿಂತಿತು. ಐದು, ಆರು. ನೋಯುವ ಭುಜವನ್ನು ಇನ್ನೊಂದು ಕೈಯಿಂದ ಒತ್ತಿ ಹಿಡಿದುಕೊಂಡು ತಾತ ಗೇಟಿನ ಕಡೆಯೇ ನೋಡುತ್ತಿದ್ದರು. ಏಳು. ಚಿತ್ರದ ಮೂಲೆಯಲ್ಲಿ ಒಬ್ಬ ಹುಡುಗಿ, ಶೂ ಲೇಸು ನೇತಾಡಿಸಿಕೊಂಡು, ಎದ್ದೆನೋ ಬಿದ್ದೆನೋ ಎಂದು ಗೇಟಿನೊಳಗೆ ಓಡಿಬಂದಳು.

ಎಂಟು. ಢಣ್!

"ಅದು ನೀನೇ ಅಲ್ವೇನೇ?"

ಚೂಟಿ ಪರದೆಯ ಹತ್ತಿರ ಬಗ್ಗಿ ನೋಡಿದಳು. ಹೌದು, ತಾನೇ! ದಿನಾ ಮನೆಯಿಂದ ತಡವಾಗಿ ಹೊರಟರೂ ಅವಳು ಒಂದು ದಿನವೂ ಲೇಟ್ ಆಗಿರಲಿಲ್ಲ. ತನ್ನ ಕಾಲೇ ಅಷ್ಟು ಚುರುಕು ಎಂದುಕೊಂಡಿದ್ದಳು. ಈಗ ತಾತನ ಮೇಲೆ ಎಷ್ಟು ಪ್ರೀತಿ ಉಕ್ಕಿತೆಂದರೆ ಆ ಚಿತ್ರವನ್ನು ಮತ್ತೆ ಮೊದಲಿಂದ ಓಡಿಸಿದಳು.

"ಸ್ವಲ್ಪ ಚಿಕ್ಕದು ಮಾಡೋಣ್ವಾ?" ಚಿಕ್ಕಮ್ಮ ಮೆಲ್ಲಗೆ ಕೇಳಿದಳು.

"ಬೇಡ. ಎಂಟೂ ಇರ್ಲಿ."

ಮರುದಿನ ಬೆಳಿಗ್ಗೆ ತಾತ ಕೊನೆಯ ಸಲ ಸುತ್ತಿಗೆ ಎತ್ತಿದರು. ಎತ್ತಿದವರು ಎಂದಿನಂತೆ ಗೇಟಿನ ಕಡೆ ನೋಡುತ್ತಾ ನಿಂತರು.

ಯಾರೋ ಅವರ ಅಂಗಿಯ ತುದಿ ಜಗ್ಗಿದರು.

"ತಾತಾ, ನಾನು ಇಲ್ಲೇ ಇದ್ದೀನಿ," ಎಂದಳು ಚೂಟಿ. "ಕೈ ನೋಯುತ್ತೆ, ಹೊಡೀರಿ."