ಎರಡು ದೇಶಕ್ಕೂ ಬೇಡದ ನೆಲ

"ಇಸ್ತಾಂಬುಲ್!"

ಪ್ರಶ್ನೆ ಮುಗಿಯುವ ಮೊದಲೇ ಮಹೀನ್ ಬಜರ್ ಒತ್ತಿದ್ದಳು.

"ತಪ್ಪು!" ಮೈಕ್ ಹಿಡಿದಿದ್ದ ಕೆಂಪರಾಜ್ ಹುಬ್ಬು ಏರಿಸಿದ. "ಟರ್ಕಿಯವರು ರಾಜಧಾನಿನ ಅಂಕಾರಾಗೆ ಎತ್ಕೊಂಡು ಹೋಗಿ ನೂರು ವರ್ಷ ಆಯ್ತು ಮೇಡಂ. ನಿಮ್ಮನೆಗೆ ಇನ್ನೂ ಸುದ್ದಿ ಬಂದಿಲ್ವಾ? ಏನ್ ಕೆಲಸ ಮಾಡ್ತೀರಾ?"

"ಟೀಚರ್..."

"ಯಾವ ಸಬ್ಜೆಕ್ಟು?"

ಅವಳು ಕಣ್ಣು ಮುಚ್ಚಿದಳು. "ಸೋಷಿಯಲ್."

ಇಂದಿರಾನಗರದ ಆ ಕೆಫೆಯ ಮಹಡಿ ಗೊಳ್ಳೆಂದು ನಕ್ಕಿತು. ಕೆಂಪರಾಜನ ಕ್ವಿಜ್‌ಗೆ ಜನ ಬರುತ್ತಿದ್ದದ್ದೇ ಅದಕ್ಕೆ. ದೇಶಗಳ ಕಥೆ ಒಂದು ನೆಪ. ಅವನ ಬಾಯಿಗೆ ಯಾರು ಸಿಕ್ಕಿಬೀಳುತ್ತಾರೆ ಎಂಬುದೇ ಆಟ.

ಸಿಕ್ಕಿಬಿದ್ದವರು ಸಾಮಾನ್ಯವಾಗಿ ತಲೆ ತಗ್ಗಿಸುತ್ತಿದ್ದರು. ಇವಳು ಎಲ್ಲರಿಗಿಂತ ಜೋರಾಗಿ ನಕ್ಕಳು!

"ನಕ್ಕೋ ಗುರು, ನಕ್ಕೋ! ಮುಂದಿನ ರೌಂಡ್ ಇದೆಯಲ್ಲ, ನೋಡ್ಕೋತೀನಿ!"

ಕೆಂಪರಾಜ್ ಮೈಕಿನಲ್ಲಿ ಅದೇ ಪ್ರಶ್ನೆಯನ್ನು ಮತ್ತೊಮ್ಮೆ ಓದಿಬಿಟ್ಟ.

ಅಲ್ಲಿಂದ ಶುರುವಾಯಿತು. ಅವನು ದೊಡ್ಡನೆಕ್ಕುಂದಿಯವನು, ಒಂದು ಕಾಲಕ್ಕೆ ರಾಗಿ ಬೆಳೆಯುತ್ತಿದ್ದ ಮನೆತನ. ಅವಳು ಶಿವಾಜಿನಗರದವಳು, ಬಟ್ಟೆ ವ್ಯಾಪಾರಿ ಗಯಾಜ್ ಅವರ ಮಗಳು. ಹಲಸೂರು ಕೆರೆಯ ದಂಡೆಯ ಮೇಲೆ ಕೂತು ಇಬ್ಬರೂ ಅಳಿದುಹೋದ ದೇಶಗಳ ಹೆಸರು ಹೇಳುತ್ತಾ ಸಂಜೆ ಕಳೆಯುತ್ತಿದ್ದರು.

"ಅಲ್ಲ ಮಹೀನ್, ನನ್ನ ಹತ್ರ ನೀನು ಬರೀ ಕನ್ನಡ. ಒಂದು ದಿನಾನೂ ನಿಮ್ಮ ದಖನಿ ಉರ್ದು ಬಾಯಿಗೆ ಬರಲ್ವಲ್ಲ?"

"ಮನೆ ಮಾತು ಮನೇಲಿ," ಅವಳು ತುಂಟ ನಗೆ ನಕ್ಕಳು. "ನೀನಿನ್ನೂ ಒಳಗೆ ಬಂದಿಲ್ಲ."

ಅದೇ ದಂಡೆಯ ಮೇಲೆ ಒಂದು ದಿನ, ಯಾರಿಗೂ ಹೇಳದಿದ್ದನ್ನು ಹೇಳಿದಳು. ಎರಡು ಸಲ ನಿಶ್ಚಿತಾರ್ಥವಾಗಿತ್ತು. ಎರಡು ಸಲವೂ ಗಂಡಿನ ಕಡೆಯವರು ಕಾರಣ ಹೇಳದೆ ಹಿಂದೆ ಸರಿದಿದ್ದರು.

ಕೆಂಪರಾಜ್ ಏನೂ ಅನ್ನಲಿಲ್ಲ. ನೀರು ನೋಡುತ್ತಾ ಕೂತ.

ಆ ಮೌನವನ್ನು ಅವಳು ನಂಬಿದಳು... ಅದೇ ಅವಳ ತಪ್ಪು.

ವರ್ಷದ ಫೈನಲ್ ನಡೆದದ್ದು ದೊಡ್ಡನೆಕ್ಕುಂದಿಯ ಕಲ್ಯಾಣ ಮಂಟಪದಲ್ಲಿ. ಕೆಂಪರಾಜನ ದೊಡ್ಡಪ್ಪ ಬೈಲಪ್ಪನವರದೇ ಮಂಟಪ. ತಂದೆಯಿಲ್ಲದ ಹುಡುಗನನ್ನು ಸಾಕಿದವರು ಅವರೇ. ಮುಂದಿನ ಸಾಲಿನಲ್ಲಿ ಕಾಲ ಮೇಲೆ ಕಾಲು ಹಾಕಿಕೊಂಡು ಕೂತಿದ್ದರು.

ಹಿಂದಿನಿಂದ ಯಾರೋ ಕೂಗಿದರು: "ಏನ್ ಮಗಾ, ಮಹೀನ್ ಮೇಡಂಗೆ ಮಾತ್ರ ಬೈಗುಳ ಕಮ್ಮಿ ಆಗೋಯ್ತು! ಏನ್ ಸಮಾಚಾರ?"

ಬೈಲಪ್ಪ ಕುತ್ತಿಗೆ ತಿರುಗಿಸಿದರು. ಮಹೀನಳ ತಲೆಯ ಮೇಲಿನ ದುಪಟ್ಟಾ ನೋಡಿದರು. ಆಮೇಲೆ ಮಗನಂಥವನನ್ನು ನೋಡಿದರು. ಅಷ್ಟೇ.

ಕೆಂಪರಾಜ್ ಅವಸರವಾಗಿ ಹಾಳೆ ತಿರುವಿದ. ಮುಂದಿನ ಪ್ರಶ್ನೆ ಓದಿದ.

"ಈಜಿಪ್ಟಿಗೂ ಬೇಡ, ಸುಡಾನಿಗೂ ಬೇಡ. ಇಬ್ಬರ ಗಡಿಯಲ್ಲಿ ಅನಾಥವಾಗಿ ಬಿದ್ದಿರುವ ನೆಲ ಯಾವುದು?"

"ಬೀರ್ ತವೀಲ್!" ಮಹೀನ್ ಖುಷಿಯಿಂದ ಹೇಳಿದಳು. ಕೆರೆಯ ದಂಡೆಯಲ್ಲಿ ಅವಳೇ ಅವನಿಗೆ ಹೇಳಿದ್ದ ಕಥೆ ಅದು.

"ಸರಿ ಉತ್ತರ!" ಒಂದು ಕ್ಷಣ ತಡೆದ. ದೊಡ್ಡಪ್ಪನ ಕಣ್ಣು ಇನ್ನೂ ಅವನ ಮೇಲೇ ಇತ್ತು. "ಮೇಡಂಗೆ ಗೊತ್ತಿರಲೇಬೇಕು ಬಿಡಿ. ಬಂದೋರೆಲ್ಲಾ ನೋಡ್ಕೊಂಡು ವಾಪಸ್ ಹೋದ ನೆಲ ಅಂದ್ರೆ..."

ಮುಂದಿನ ಸಾಲು ನಕ್ಕಿತು.

ಮಹೀನ್ ಕುರ್ಚಿಯಿಂದ ಅರ್ಧ ಎದ್ದಳು. ಅವನು ಎಲ್ಲಿಗೆ ಹೋಗುತ್ತಿದ್ದಾನೆಂದು ಆ ಸಭೆಯಲ್ಲಿ ಅವಳೊಬ್ಬಳಿಗೇ ಗೊತ್ತಿತ್ತು. ಹೆದರಿದ ಬಾಯಿಗೆ ಕಲಿತ ಭಾಷೆ ಬರುವುದಿಲ್ಲ, ಅಮ್ಮನ ಭಾಷೆ ಬರುತ್ತದೆ.

"ನಕ್ಕೋ..."

ಬೇಡ... ದಖನಿಯಲ್ಲಿ ಅದರ ಅರ್ಥ ಅಷ್ಟೇ. ಮೇಜಿನ ಮೈಕಿನಲ್ಲಿ ಅದು ಸ್ಪಷ್ಟವಾಗಿಯೇ ಕೇಳಿಸಿತು.

ಕೆಂಪರಾಜ್ ಅವಳತ್ತ ನೋಡಿದ. ನಕ್ಕ!

"ಎಷ್ಟು ಸಲ ಮೇಡಂ? ಎರಡು ನಿಶ್ಚಿತಾರ್ಥ ಅಲ್ವಾ?"

ಸಭೆ ಮೊದಲು ನಕ್ಕಿತು. ಆಮೇಲೆ ಅವಳ ಮುಖ ನೋಡಿ ಅಲ್ಲಲ್ಲಿ ನಿಂತಿತು. ಪಕ್ಕದಲ್ಲಿದ್ದ ಗೆಳತಿ ಶಿರೀನ್ ಕುರ್ಚಿ ತಳ್ಳಿ ಎದ್ದಳು. "ಥೂ! ಮನುಷ್ಯನಾ ನೀನು?"

ಮಹೀನ್ ಅಳಲಿಲ್ಲ. ಬಜರನ್ನು ಮೇಜಿನ ಮೇಲೆ ನೆಟ್ಟಗೆ ಇಟ್ಟು ಹೊರಟಳು.

ಬೈಲಪ್ಪ ವೇದಿಕೆಗೆ ಬಂದು ಬೆನ್ನು ತಟ್ಟಿದರು. "ಚೆನ್ನಾಗಿ ಹೇಳ್ದೆ ಕಣ್ಲಾ."

ಯಾರೋ ತೆಗೆದ ವಿಡಿಯೋ ಅವಳ ಶಾಲೆಯ ಸ್ಟಾಫ್ ರೂಮಿಗೆ ಅವಳಿಗಿಂತ ಮೊದಲು ತಲುಪಿತ್ತು. ಅಬ್ಬಾನ ಫೋನಿಗೂ ಬಂತು. ಊಟಕ್ಕೆ ಕೂತಾಗ ಅವರು ಅವಳ ತಟ್ಟೆಗೆ ಎರಡು ತುಂಡು ಮಾಂಸ ಹೆಚ್ಚಿಗೆ ಬಡಿಸಿದರು. ಅವತ್ತು ಮಹೀನ್ ಬಚ್ಚಲುಮನೆಯ ನಲ್ಲಿ ಬಿಟ್ಟು ಅತ್ತಳು.

'ಬೇಡ ಅಂದೆ... ಕೇಳಿಸಿಕೊಂಡ... ಕೇಳಿಸಿಕೊಂಡೂ ನಕ್ಕ...'

ಅವನ ನಂಬರನ್ನು ಬ್ಲಾಕ್ ಮಾಡಿದಳು.

ಮರುವರ್ಷ ಹಲಸೂರಿನ ಒಂದು ಸಣ್ಣ ಸಭಾಂಗಣದಲ್ಲಿ ಕ್ವಿಜ್. ಮೈಕ್ ಈಗ ಮಹೀನಳ ಕೈಯಲ್ಲಿತ್ತು. ಕೊನೆಯ ಮೇಜಿನಲ್ಲಿ ಒಬ್ಬನೇ ಬಂದು ಕೂತವನನ್ನು ಕಂಡು ಅವಳು ಕೈಯಲ್ಲಿದ್ದ ಪ್ರಶ್ನೆಪಟ್ಟಿ ಮಡಚಿಟ್ಟಳು.

ಕೆಂಪರಾಜ್! ಇಳಿದುಹೋಗಿದ್ದ.

"ಒಬ್ಬರೇ ಬಂದ್ರಾ ಸರ್? ದೊಡ್ಡಪ್ಪ ಕಳಿಸಿದ್ರಾ, ಇಲ್ಲಾ ಕೇಳ್ದೇನೇ ಬಂದ್ಬಿಟ್ರಾ?"

ಜನ ನಕ್ಕರು. ವಿಡಿಯೋ ನೋಡದವರು ಅಲ್ಲಿ ಯಾರೂ ಇರಲಿಲ್ಲ.

"ನಿಮಗೊಂದು ಸ್ಪೆಷಲ್ ಪ್ರಶ್ನೆ. ಬೀರ್ ತವೀಲನ್ನ ಈಜಿಪ್ಟ್ ಯಾಕೆ ತನ್ನದು ಅನ್ನಲ್ಲ?"

ಅವನು ಎದ್ದು ನಿಂತ. "ಬ್ರಿಟಿಷರು ಎಳೆದ ಎರಡು ಗೆರೆ ಇದೆ. ಬೀರ್ ತವೀಲ್ ನಂದು ಅಂದ್ರೆ ಎರಡನೇ ಗೆರೆ ಒಪ್ಕೋಬೇಕು. ಆಗ ಸಮುದ್ರದ ಕಡೆಯ ಹಲಾಯಿಬ್ ಅನ್ನೋ ನೆಲ ಕೈತಪ್ಪುತ್ತೆ, ಅದು ದೊಡ್ಡದು. ಅದನ್ನ ಬಿಡೋ ಧೈರ್ಯ ಇಲ್ಲ. ನೆಲದಲ್ಲಿ ದೋಷ ಏನೂ ಇಲ್ಲ."

"ಸರಿ. ಹೇಡಿತನಕ್ಕೂ ಒಂದು ಮ್ಯಾಪ್ ಬೇಕಾಯ್ತಲ್ಲ ಸರ್ ನಿಮಗೆ!"

ಸಭೆ ಚಪ್ಪಾಳೆ ತಟ್ಟಿತು. ಅವಳು ನಿಲ್ಲಿಸಲಿಲ್ಲ. ಪ್ರತಿ ಸುತ್ತಿನಲ್ಲೂ ಚುಚ್ಚಿದಳು. ಅವನು ಪ್ರತಿ ಸಲವೂ ಎದ್ದು ನಿಂತು ಕೇಳಿಸಿಕೊಂಡ. ಸಭೆಯ ಆ ನಗು ಎಷ್ಟು ಬೆಚ್ಚಗಿತ್ತೆಂದರೆ, ಮಹೀನಳಿಗೆ ತನ್ನ ಮೇಲೆಯೇ ಭಯವಾಯಿತು.

ಎಲ್ಲರೂ ಹೋದ ಮೇಲೆ ಅವನು ಮೆಟ್ಟಿಲ ಬಳಿ ಕಾಯುತ್ತಿದ್ದ.

"ಇನ್ನೂ ಬೈಸ್ಕೋಬೇಕಾ?"

"ಬೈಯಿ. ಒಂದೇ ಒಂದು ಕೇಳ್ತೀನಿ. ಅವತ್ತು ನೀನೇ ನಕ್ಕೋ ಅಂದೆ. ಆಮೇಲೆ ಯಾಕೆ ಒಂದು ಮಾತೂ ಆಡದೆ ಬ್ಲಾಕ್..."

"ಹೌದು ಅಂದೆ! ಅಷ್ಟು ಜನರ ಮುಂದೆ ಬೇಡಿಕೊಂಡೆ! ಕೇಳಿಸ್ಕೊಂಡೂ ನಕ್ಯಲ್ಲೋ..."

"ಬೇಡಿಕೊಂಡ್ಯಾ?" ಕೆಂಪರಾಜ್ ತಬ್ಬಿಬ್ಬಾದ. "ನಗು ಅಂತಲ್ವಾ... ಮೊದಲ ದಿನ ಅಂದ ಹಾಗೆ, ನಕ್ಕೋ ಗುರು ಅಂತ..."

ಕೆಳಗೆ ಆಟೋ ಒಂದು ಹೋಯಿತು.

"ಅದು ನಮ್ಮ ನಕ್ಕೋ," ಅವಳ ದನಿ ಇಳಿಯಿತು. "ಬೇಡ ಅಂತ. ಬೆಂಗಳೂರಲ್ಲಿ ಹುಟ್ಟಿ ಅಷ್ಟೂ ಗೊತ್ತಿಲ್ವಾ?"

"ಗೊತ್ತು. ದಿನಾ ಕೇಳ್ತೀನಿ. ಆದ್ರೆ ನೀನು ನನ್ನ ಹತ್ರ ಯಾವತ್ತೂ... ಮನೆ ಮಾತು ಮನೇಲಿ ಅಂದಿದ್ದೆ."

"ಅವತ್ತು ನೀನು ಒಳಗೆ ಬಂದ್ಬಿಟ್ಟಿದ್ದೆ ಕಣೋ," ಮಹೀನ್ ಗೋಡೆಗೆ ಒರಗಿದಳು. "ನಿನಗೇ ಗೊತ್ತಾಗ್ಲಿಲ್ಲ."

ಅವನಿಗೆ ತಲೆ ಎತ್ತಲಾಗಲಿಲ್ಲ.

"ಎರಡನೇ ಮಾತು ಭಾಷೆಯ ತಪ್ಪು ಅಂತಿಟ್ಕೋ. ಮೊದಲ್ನೇದು, ವಾಪಸ್ ಹೋದ ನೆಲ ಅಂದಿದ್ದು?"

"ಅದು ಭಯ," ಅವನು ತಕ್ಷಣ ಹೇಳಿದ. "ದೊಡ್ಡಪ್ಪ ನೋಡಿದ್ರು. ನೀನು ನಂಗ್ಯಾರೂ ಅಲ್ಲ ಅಂತ ತೋರಿಸ್ಬೇಕಿತ್ತು. ನಿನ್ನ ಗುಟ್ಟೇ ಕೈಗೆ ಸಿಕ್ತು. ಅದಕ್ಕೆ ಯಾವ ಭಾಷೇಲೂ ಕ್ಷಮೆ ಇಲ್ಲ... ನಿನ್ನ ವಿಷಯ ಮನೇಲಿ ಹೇಳ್ದೆ. ಮಂಟಪದ ಗೇಟಿಗೂ ಬರ್ಬೇಡ ಅಂದ್ರು. ಈಗ ಬಾಣಸವಾಡಿ ಸ್ಟೇಷನ್ ಹತ್ರ ರೂಮಲ್ಲಿದ್ದೀನಿ."

"ನಾನು ಒಪ್ತೀನಿ ಅಂತ ನಿಮ್ಮನೆ ಅನ್ನೋ ಹಲಾಯಿಬ್ ಬಿಟ್ಯಾ? ನನ್ನ ಮೇಲೆ ಬಾವುಟ ನೆಡೋಕೆ ಬಂದಿದ್ರೆ ವಾಪಸ್ ಹೋಗು. ನಾನು ನೆಲ ಅಲ್ಲ, ಕೆಂಪರಾಜ್."

"ಇಲ್ಲ. ನೀನು ಒಪ್ಪದಿದ್ರೂ ಅದನ್ನ ಬಿಡ್ಬೇಕಿತ್ತು. ನಿನ್ನ ಪ್ರೀತಿಸ್ತೀನಿ ಅಂತ ಅವತ್ತು ಅಲ್ಲೇ ಹೇಳ್ಬೇಕಿತ್ತು. ಹೇಳ್ಲಿಲ್ಲ."

ಅವಳು ಮೆಟ್ಟಿಲಿಳಿದು ಬೀದಿಗೆ ಬಂದಳು. ಅವನು ಅಂತರ ಬಿಟ್ಟೇ ಇಳಿದ.

"ಮನೆವರೆಗೂ ಬರ್ಲಾ?"

"ನಕ್ಕೋ."

ಕೆಂಪರಾಜ್ ಅಲ್ಲೇ ನಿಂತ. ಯಾವ ಭಾಷೆ ಎಂದು ಕೇಳಲಿಲ್ಲ. ಒಂದು ಹೆಜ್ಜೆ ಹಿಂದೆ ಸರಿದ. ತಲೆಯಾಡಿಸಿ, ಬಂದ ದಾರಿಗೆ ತಿರುಗಿದ.

ಆ ಹಿಂದೆ ಸರಿದ ಹೆಜ್ಜೆಯನ್ನು ಮಹೀನ್ ನೋಡುತ್ತಲೇ ಇದ್ದಳು. ಈ ಸಲ ಬೇಡ ಅಂದದ್ದನ್ನು ಅವನು ಕೇಳಿಸಿಕೊಂಡಿದ್ದ.

"ಲೋ..." ಅವಳು ಕೂಗಿದಳು. "ಕನ್ನಡದ್ದು ಕಣೋ."

ಅವನು ತಿರುಗಿದ. ನಗು ಎಂದಿದ್ದಳು. ಅವನಿಂದ ಆಗಲಿಲ್ಲ... ಬೀದಿಯ ಮಧ್ಯೆ ನಿಂತು ಅಳುತ್ತಿದ್ದ.

"ಬಾ. ಅಬ್ಬಾ ಅಂಗಡಿ ಮುಚ್ಚೋದ್ರೊಳಗೆ ಹೋಗ್ಬೇಕು. ಚೆನ್ನಾಗಿ ಬೈತಾರೆ, ತಡ್ಕೋ."

"ಯಾವ ಭಾಷೇಲಿ?"

ಮಹೀನ್ ಅವನ ತೋಳು ಹಿಡಿದಳು.

"ಮನೆ ಮಾತಲ್ಲಿ."